ಆಚೆ ದಂಡೆಯ ಕೈಸನ್ನಿ

ಮಾತು ಹೊರಡುವ ಮೊದಲು ಚಾಚಾನ ಗಂಟಲಮಣಿ ಮೇಲಕ್ಕೂ ಕೆಳಕ್ಕೂ ಆಡುತ್ತಿತ್ತು. ಉದ್ದನೆಯ ಒಣಕಲು ಕತ್ತು, ಎಂದೂ ಪೂರ್ತಿ ಬೋಳಿಸದ ಗಡ್ಡ, ದವಡೆಯಲ್ಲಿ ಒಂದು ಲವಂಗ. ಆ ಮಣಿ ಆಡಿತೆಂದರೆ ಮಸ್ಕಿಯ ತಗಡಿನ ಟಾಕೀಸಿನಲ್ಲಿ ಶೇಂಗಾ ಸುಲಿಯುವ ಸದ್ದೂ ನಿಂತುಬಿಡುತ್ತಿತ್ತು. ಹೆಂಗಸರ ಬೆಂಚಿನಲ್ಲಿ ಅವ್ವನ ಪಕ್ಕ ಕೂತ ನಾನು ಪರದೆ ಬಿಟ್ಟು ಆ ಕತ್ತನ್ನೇ ನೋಡುತ್ತಿದ್ದೆ.

ಅವರು ನಮಗೆ ಸಂಬಂಧಿಕರಲ್ಲ. ನಮ್ಮ ಓಣಿಯ ತುದಿಯಲ್ಲಿ ಕೂತು ಹಿತ್ತಾಳೆ ಪಾತ್ರೆಗಳಿಗೆ ಕಲಾಯಿ ಹಾಕುತ್ತಿದ್ದರು, ಓಣಿಯ ಮಕ್ಕಳಿಗೆಲ್ಲ ಚಾಚಾ. ಮುಂಜಾನೆ ಕಲಾಯಿ, ಮಧ್ಯಾಹ್ನ ಟಾಕೀಸಿನ ಗೇಟು. ಸಿಂಧನೂರಿನಲ್ಲಿ ಓಡಿ ಓಡಿ ಗೀರು ಬಿದ್ದ ಇಂಗ್ಲಿಷ್ ಸಿನಿಮಾಗಳು ಅಗ್ಗಕ್ಕೆ ಸಿಗುತ್ತವೆಂದು ಟಾಕೀಸಿನ ಸಾವ್ಕಾರ ಅವನ್ನೇ ತರಿಸುತ್ತಿದ್ದ. ಹೆಚ್ಚಿನವು ಎಲ್ಲೋ ದೂರದ ದಟ್ಟ ಕಾಡಿನ ಸಾಹಸದ ಕಥೆಗಳು. ಭಾಷೆ ತಿಳಿಯದೆ ಜನ ಗಲಾಟೆ ಎಬ್ಬಿಸಿದಾಗ ಸಾವ್ಕಾರ ಗೇಟಿನಲ್ಲಿದ್ದ ಚಾಚಾನನ್ನು ಒಳಗೆ ಕರೆದು, "ನೀ ಒಂದಿಷ್ಟು ತಿಳಿಸಿ ಹೇಳಪಾ" ಎಂದನಂತೆ. ಅಂದಿನಿಂದ ಪರದೆಯ ಪಕ್ಕದ ಜಾಗ ಚಾಚಾನದಾಯಿತು.

ಮಜಾ ಏನೆಂದರೆ ಚಾಚಾಗೂ ಇಂಗ್ಲಿಷಿನ ಗಂಧವಿರಲಿಲ್ಲ. ಮೊದಲನೇ ಆಟವನ್ನು ಬಾಯಿ ಮುಚ್ಚಿಕೊಂಡು ನೋಡುತ್ತಿದ್ದರು. ಎರಡನೇ ಆಟಕ್ಕೆ ಕಥೆ ಅವರದಾಗಿರುತ್ತಿತ್ತು. ಅದು ಹೇಗೆಂದು ಒಮ್ಮೆ ಕೇಳಿದೆ. "ಮಾತು ಯಾಕ ಬೇಕು ಬೇಟಾ? ಮಾರಿ ನೋಡಿದ್ರ ತಿಳೀತೈತಿ, ಯಾಂವ ಖರೆ ಮನಷ್ಯಾ, ಯಾಂವ ಖೊಟ್ಟಿ ಅಂತ" ಎಂದರು.

ನಮ್ಮ ಕಡೆ ಅಡವಿ ಎಂದರೆ ಹೊಲ. ಅಡವಿಗೆ ಹೋಗ್ಯಾನ ಎಂದರೆ ಹೊಲಕ್ಕೆ ಹೋಗಿದ್ದಾನೆ ಎಂದೇ ಅರ್ಥ. ಜಾಲಿ ಕಂಟಿ ಬಿಟ್ಟರೆ ಬೇರೆ ಕಾಡು ಕಾಣದ ನಮಗೆ ಪರದೆಯ ತುಂಬ ಆ ಮರಗಳು, ಹಗಲಿನಲ್ಲೂ ಕತ್ತಲು, ಬಿಡದೆ ಸುರಿಯುವ ಮಳೆ. "ಇಷ್ಟು ಗಿಡ ಇದ್ರ ಇವ್ರು ಜ್ವಾಳ ಎಲ್ಲಿ ಬಿತ್ತತಾರ?" ಎಂದು ಅವ್ವ ನನ್ನ ಕಿವಿಯಲ್ಲಿ ಕೇಳಿದಳು. ಅದು ಚಾಚಾನ ಕಿವಿಗೂ ಬಿತ್ತೆಂದು ಕಾಣುತ್ತದೆ. ಮುಂದಿನ ಆಟದಲ್ಲಿ ಕೆಂಪು ಮೂತಿಯ ನಾಯಕ ಮರಗಳನ್ನು ನೋಡಿ ನಿಟ್ಟುಸಿರು ಬಿಟ್ಟಾಗ ಚಾಚಾ ಅವನ ಬಾಯಿಗೆ ಅದೇ ಮಾತು ಹಾಕಿದರು. ಸಂತೆಕಲ್ಲೂರಿನಿಂದ ಬಂದಿದ್ದ ರೈತರು ಬೆಂಚು ಬಡಿದು ನಕ್ಕರು. ಅವ್ವ ಮನೆ ಮುಟ್ಟುವ ತನಕ ಹೆಮ್ಮೆಯಿಂದ ನಡೆದಳು.

ಆ ಸಿನಿಮಾಗಳಲ್ಲಿ ಒಂದು ಮಾತ್ರ ಊರಿನ ಬಾಯಲ್ಲಿ ಉಳಿದುಕೊಂಡಿತು. ಕಾಡಿನೊಳಗೆ ಮುಚ್ಚಿಹೋದ ಯಾವುದೋ ಗುಡಿಯನ್ನು ಹುಡುಕುತ್ತ ಒಬ್ಬ ಮುದುಕ ಪಂಡಿತ ಮತ್ತವನ ಶಿಷ್ಯರು ಹೊರಡುತ್ತಾರೆ. ದಾರಿ ತೋರಿಸಲು ಆ ಕಾಡಿನವನೇ ಒಬ್ಬ, ಬರಿಮೈಯವ, ಜೊತೆಗಿರುತ್ತಾನೆ. ಕೊನೆಗೆ ಒಂದು ದೊಡ್ಡ ಕೆಸರು ಎದುರಾಗುತ್ತದೆ. ದಾರಿ ತೋರಿಸುವವನು ಹಗುರ ಹೆಜ್ಜೆಯಲ್ಲಿ ಮೊದಲು ದಾಟಿ, ಆಚೆ ದಂಡೆಯಿಂದ ತಿರುಗಿ ನಿಂತು, ಅಂಗೈ ನೆಲಕ್ಕೆ ಮಾಡಿ ಬೆರಳು ಬಡಿಯುತ್ತ ಕೈಬೀಸಿ ಏನೋ ಕೂಗುತ್ತಾನೆ. ಮುದುಕ ಕಾಲಿಡುತ್ತಾನೆ, ಎದೆಮಟ ಹೂತುಹೋಗುತ್ತಾನೆ.

ನಮ್ಮ ಕಡೆ ಹೊಲದ ಆಚೆ ಬದುವಿನವರನ್ನು ಕರೆಯುವುದೇ ಹಾಗೆ, ಅಂಗೈ ಕೆಳಗೆ ಮಾಡಿ ಬೆರಳು ಬಡಿದು. ಟಾಕೀಸಿನಲ್ಲಿ ಅದನ್ನು ಬೇರೆ ರೀತಿ ತಿಳಿಯುವವರು ಯಾರೂ ಇರಲಿಲ್ಲ. "ನೋಡ್ರಿ, ಹೆಂಗ ಕೈಸನ್ನಿ ಮಾಡಾಕತ್ತಾನ. ಬರ್ರಿ, ಬರ್ರಿ ಅಂತ ಕರದು ಮುಳಗಸ್ತಾನ ಬೇಮಾನಿ" ಎಂದರು ಚಾಚಾ. ಆಮೇಲೆ ಅವನು ಓಡಿಬಂದು ಕೆಸರಿಗಿಳಿದು ಮುದುಕನ ಹೆಗಲ ಚೀಲಕ್ಕೆ ಕೈ ಹಾಕಿದಾಗ, "ಚೀಲದ ಆಸೆ ನೋಡ್ರಿ ಇವಂಗ" ಎಂದರು. ಮುದುಕ ಹೇಗೋ ದಂಡೆ ಸೇರಿದ, ಅವನು ಮುಳುಗಿದ. ಕೆಸರು ಅವನ ತಲೆ ಮುಚ್ಚುವಾಗ ಟಾಕೀಸು ಹಾರಿಹೋಗುವ ಹಾಗೆ ಸೀಟಿ ಬಿದ್ದವು. ನಾನೂ ಚಪ್ಪಾಳೆ ತಟ್ಟಿದೆ.

ಅದೇ ದಿನಗಳಲ್ಲಿ ಬಸ್‌ಸ್ಟ್ಯಾಂಡಿನಲ್ಲಿ ಒಬ್ಬ ಟಂಟಂ ಡ್ರೈವರ್ ಇದ್ದ. ಸಂತೆಕಲ್ಲೂರಿಗೆ ಹೋಗುವವರನ್ನು ದೂರದಿಂದಲೇ ಕೈಬಡಿದು ಕರೆಯುತ್ತಿದ್ದ. ಯಾರೋ ಪೋರ ಅವನಿಗೆ ಕೈಸನ್ನಿ ಎಂದ. ಊರು ಬಿಟ್ಟೀತೆ. ಅವನು ಕೈ ಎತ್ತಿದರೆ ಜನ, "ಬ್ಯಾಡಪಾ, ಮುಳಗಸ್ತಿ" ಎಂದು ನಗುತ್ತ ಹಿಂದಿನ ಗಾಡಿ ಹತ್ತುತ್ತಿದ್ದರು. ನಮ್ಮಲ್ಲಿ ಅಡ್ಡಹೆಸರು ಹುಟ್ಟುವುದೇ ಹೀಗೆ, ತಮಾಷೆಗೆ ಬಂದದ್ದು ಮನೆತನಕ್ಕೆ ಅಂಟಿಕೊಳ್ಳುತ್ತದೆ. ಅವನ ಮಗನನ್ನು ಶಾಲೆಗೆ ಹಚ್ಚಿದಾಗ ಮಾಸ್ತರರು ಹೆಸರಿನ ಮುಂದೆ ಅದನ್ನೇ ಬರೆದುಕೊಂಡರು. ಕೊನೆಗೆ ಆತ ಗಾಡಿ ಮಾರಿ ಬಳಗಾನೂರಿಗೆ ಹೋಗಿ ಪಂಕ್ಚರ್ ಅಂಗಡಿ ಇಟ್ಟ.

ವರ್ಷಗಳು ಉರುಳಿದವು. ನನ್ನನ್ನು ಲಿಂಗಸುಗೂರಿಗೆ ಕೊಟ್ಟರು, ಅಲ್ಲೇ ಶಾಲೆಯ ಕೆಲಸವೂ ಸಿಕ್ಕಿತು. ಸ್ಟೀಲು ಬಂದು ಕಲಾಯಿ ಹೋಯಿತು, ಟಾಕೀಸು ಗೊಬ್ಬರದ ಗೋದಾಮಾಯಿತು. ಆದರೂ ಅವ್ವ ಕೊಟ್ಟ ಹಿತ್ತಾಳೆ ಪಾತ್ರೆಗಳಿಗೆ ನಾನು ಚಾಚಾನ ಕೈಯಿಂದಲೇ ಕಲಾಯಿ ಹಾಕಿಸುತ್ತಿದ್ದೆ. ಒಂದು ಮಧ್ಯಾಹ್ನ ಅವರು ಲಿಂಗಸುಗೂರಿನ ನಮ್ಮ ಮನೆಗೆ ಪಾತ್ರೆ ತಂದುಕೊಟ್ಟು ಚಹಾ ಕುಡಿಯುತ್ತ ಕೂತಿದ್ದರು. ಟಿವಿಯಲ್ಲಿ ಅದೇ ಸಿನಿಮಾ ಬಂತು, ಹಿಂದಿ ಮಾತು ಕೂಡಿಸಿಕೊಂಡು. "ಅರೆ, ನಮ್ಮ ಪಿಚ್ಚರ್" ಎಂದು ಚಾಚಾ ಹಿಗ್ಗಿದರು. ಕೆಸರು ಬಂತು. ಆಚೆ ದಂಡೆಯವನು ಕೈಬೀಸಿದ. "ಪೀಛೆ ಹಟೋ, ಆಗೆ ದಲ್‌ದಲ್ ಹೈ" ಎಂದು ಕೂಗಿದ.

ಹಿಂದೆ ಸರಿಯಿರಿ, ಮುಂದೆ ಕೆಸರಿದೆ. ಚಾಚಾ ಮನೆಯಲ್ಲಿ ಮಾತಾಡುತ್ತಿದ್ದುದೇ ದಖನಿ ಉರ್ದು, ಹಿಂದಿ ನನಗಿಂತ ಅವರಿಗೆ ಚೆನ್ನಾಗಿ ತಿಳಿಯುತ್ತಿತ್ತು. ಆದರೂ ನನ್ನ ಕಡೆ ತಿರುಗಿ, "ಏನಂದ ಬೇಟಾ ಅಂವ?" ಎಂದು ಕೇಳಿದರು. ನಾನು ಹೇಳಬೇಕಾಯಿತು. ಅಷ್ಟರಲ್ಲಿ ಪರದೆಯ ಮೇಲೆ ಅವನು ಕೆಸರಿಗಿಳಿದು, ಮುದುಕನ ಚೀಲದ ಪಟ್ಟಿ ಹಿಡಿದು ಎಳೆದು ದಂಡೆಗೆ ನೂಕಿ, ತಾನು ಮುಳುಗಿದ. ಮುದುಕ ಅವನಿಗಾಗಿ ಬಿಕ್ಕಿ ಬಿಕ್ಕಿ ಅತ್ತ. ಆ ಅಳುವನ್ನು ಚಾಚಾ ಟಾಕೀಸಿನಲ್ಲಿ ಚೀಲ ಹೋದ ದುಃಖ ಎಂದು ಹೇಳಿದ್ದರು.

ಮುಂದಿನ ರವಿವಾರ ನನ್ನನ್ನು ಕರೆದುಕೊಂಡು ಬಳಗಾನೂರಿಗೆ ಹೊರಟರು. ಪಂಕ್ಚರ್ ಅಂಗಡಿಯ ಮುಂದೆ ನಿಂತು, "ನಿನಗ ಆ ಹೆಸರು ಬಂದಿದ್ದು ನನ್ನ ಬಾಯಿಂದಪಾ. ಆ ಮನಷ್ಯಾ ಖೊಟ್ಟಿ ಇರ್ಲಿಲ್ಲ. ನಾ ತಪ್ಪು ಹೇಳಿದ್ದೆ. ಮಾಫ್ ಮಾಡು" ಎಂದರು. ಆತ ಟ್ಯೂಬು ನೀರಿನಲ್ಲಿ ಅದ್ದುವುದನ್ನು ನಿಲ್ಲಿಸಿ ಪೂರ್ತಿ ಕಥೆ ಕೇಳಿದ.

"ನಂದು ಬಿಡ್ರಿ ಚಾಚಾ, ಹೆಸರು ರೂಢಿ ಆಗೈತಿ" ಎಂದ. ಆಮೇಲೆ ಕೈ ಒರೆಸಿಕೊಳ್ಳುತ್ತ, "ಆ ಪಿಚ್ಚರ್ ನಾನೂ ನೋಡೀನ್ರಿ. ಅಂವ ಮುಳಗುವಾಗ ಎಲ್ಲಾರಕಿಂತ ಮೊದ್ಲ ಸೀಟಿ ಹೊಡದಾಂವ ನಾನ" ಎಂದ.

ವಾಪಸು ಬರುವ ಬಸ್ಸಿನಲ್ಲಿ ಕಿಟಕಿಯ ಆಚೆ ಭತ್ತದ ಗದ್ದೆಗಳು. ಚಾಚಾ ಹೇಳಿದರು, "ಆ ಕಾಡಿನಾಂವಗೂ ಮಾತಿದ್ವು ಬೇಟಾ. ನನಗ ತಿಳೀಲಿಲ್ಲ, ಅದಕ್ಕ ನನ್ನ ಮಾತು ಅಂವನ ಬಾಯಾಗ ಹಾಕಿದೆ. ಬದುಕಸಾಕ ಇಳದಾಂವಗ ಊರ ಕಡೆಯಿಂದ ಸೀಟಿ ಹೊಡಸಿದೆ." ಅದೊಂದು ಸಿನಿಮಾ, ಆ ನಟ ಸಂಜೆಗೆ ಮೈ ತೊಳೆದುಕೊಂಡು ಮನೆಗೆ ಹೋಗಿರುತ್ತಾನೆ ಎಂದು ನಾನು ಸಮಾಧಾನ ಹೇಳಿದೆ. ಚಾಚಾ ನನ್ನನ್ನು ನೋಡಿದ ರೀತಿಗೆ ನನ್ನ ಮಾತು ನನಗೇ ಹಗುರವೆನಿಸಿತು.

ಆಮೇಲೆ ಅವರು ಮಸ್ಕಿಯ ಚಹಾ ಅಂಗಡಿಗಳಲ್ಲಿ ಸಿಕ್ಕಸಿಕ್ಕವರಿಗೆ ಅದನ್ನೇ ಹೇಳತೊಡಗಿದರು. ಕೇಳುವವರಿಗೆ ನಗು. ಚಾಚಾಗೆ ವಯಸ್ಸಾಯಿತು ಎಂದರು. "ಹಿಂಗ ಹೇಳಿದ್ರ ಆಗಲ್ಲ. ಒಂದು ಸಲ ಎಲ್ಲಾರನ್ನ ಕೂಡಸು, ಪಿಚ್ಚರ್ ಹಚ್ಚು. ಬಾಜೂ ನಿಂತು ನಾ ಸರಿಯಾಗಿ ಹೇಳತೀನಿ" ಎಂದು ನನಗೆ ಗಂಟುಬಿದ್ದರು. ಸಿನಿಮಾ ಹುಡುಕಿಸಿದೆ, ಶಾಲೆಯ ಪ್ರೊಜೆಕ್ಟರ್ ಕೇಳಿಟ್ಟೆ. ರಂಜಾನ್ ಮುಗಿಯಲಿ ಎಂದುಕೊಂಡೆವು. ಹಬ್ಬದ ಚಂದ್ರ ಕಾಣುವ ಮೊದಲೇ ಚಾಚಾ ತೀರಿಕೊಂಡರು.

ಮಣ್ಣು ಮುಗಿಸಿ ಬಂದ ಗಂಡಸರು ಓಣಿಯ ತುದಿಯಲ್ಲಿ ಕುರ್ಚಿ ಹಾಕಿಕೊಂಡು ಕೂತಿದ್ದರು. ಎಲ್ಲರ ಬಾಯಲ್ಲೂ ಟಾಕೀಸಿನ ಕಾಲದ ಚಾಚಾ. "ಏನ್ ಹೇಳತಿದ್ರಪಾ. ಆ ಕೆಸರಿನ ಸೀನ್, ಬರ್ರಿ ಬರ್ರಿ ಅಂತ ಕರದು ಮುಳಗಸ್ತಾನ ಬೇಮಾನಿ" ಎಂದು ಒಬ್ಬರು ಚಾಚಾನ ಧಾಟಿಯಲ್ಲೇ ಅಂದು ತೋರಿಸಿ ಕಣ್ಣೊರೆಸಿಕೊಂಡರು.

ಒಳಗೆ ಹೆಂಗಸರ ಜೊತೆಗಿದ್ದ ನಾನು ತಡೆಯಲಾಗದೆ ಹೊರಗೆ ಬಂದೆ. "ಅಂವ ಕರದಿದ್ದಿಲ್ರಿ, ಬರಬ್ಯಾಡ್ರಿ ಅಂದಿದ್ದ. ಚಾಚಾನೇ ಆಮ್ಯಾಲ ಎಲ್ಲಾರಿಗೂ ಹೇಳ್ಯಾರ" ಎಂದೆ.

"ಇರ್ಲಿ ಬಿಡ್ರಿ ಅಕ್ಕಾರ" ಎಂದರು ಅವರು, ಬಹಳ ಪ್ರೀತಿಯಿಂದಲೇ. "ಚಾಚಾ ಟಾಕೀಸಿನ್ಯಾಗ ಹೇಳಿದ್ದೇ ಖರೆ."

ಹಿಂದಿನ ಸಾಲಿನಲ್ಲಿ ಬಳಗಾನೂರಿನಿಂದ ಬಂದಿದ್ದ ಪಂಕ್ಚರ್ ಅಂಗಡಿಯವನು ಎದ್ದು ನಿಂತ. "ಇಲ್ರಿ, ಅಕ್ಕಾರ ಹೇಳೋದು ಖರೆ ಐತಿ. ಅಂವ ಚಲೋ ಮನಷ್ಯಾ" ಎಂದ.

"ನೀ ಹಂಗ ಅನ್ನಾಂವನಪಾ" ಎಂದಿತು ಮೂಲೆಯಿಂದ ಒಂದು ದನಿ. "ಕೈಸನ್ನಿ ಕೈಸನ್ನಿ ಕಡೀಗೆ ಇರದೇ ಮತ್ತ ಯಾರ ಕಡೀಗೆ ಇರತಾನ?"

ಸಾವಿನ ಮನೆಯೆಂಬುದನ್ನು ಮರೆತು ಎಲ್ಲರೂ ನಕ್ಕರು. ಸ್ವಲ್ಪ ಹೊತ್ತು ನಿಂತಿದ್ದು ಆತನೂ ನಕ್ಕು, ಕುರ್ಚಿಯಲ್ಲಿ ಕೂತ.