ಗುರುಶಾಂತವ್ವನ ಉಡಿ

ಯಲ್ಲಾಪುರದ ಮಾಗೋಡಿನಿಂದ ಬನವಾಸಿಯ ತನಕ ಕಂದೀಲು ಹಿಡಿದು ಹುಡುಕಿದರೂ ತನ್ನಷ್ಟು ಸುಧಾರಿಸಿದ ಗಂಡಸು ಸಿಗಲಿಕ್ಕಿಲ್ಲವೆಂದು ಸಂಗಯ್ಯ ಆ ವರ್ಷ ಪಂಚಮಿಗೆ ಹದಿನೈದು ದಿನ ಮೊದಲಿನಿಂದಲೇ ಸಾರುತ್ತಿದ್ದ.

“ನಮ್ಮ ಮನ್ಯಾಗ ಹೆಣ್ಣು ಗಂಡು ಅಂತ ಭೇದ ಇಲ್ರೀ. ಗಂಡ ಸತ್ತ ಅಕ್ಕನ್ನ ಕರದು, ಮುತ್ತೈದೇರ ನಡುವ ಕುಂಡ್ರಿಸಿ ಉಡಿ ತುಂಬತೀನಿ. ಈ ಸೀಮ್ಯಾಗ ಯಾರರ ಮಾಡ್ಯಾರೇನು?”

ಚಹಾದಂಗಡಿಯಲ್ಲಿ ಹೇಳಿದ, ಕ್ಷೌರದ ಕುರ್ಚಿಯಲ್ಲಿ ಅರ್ಧ ಗಡ್ಡಕ್ಕೆ ಸೋಪು ಹಚ್ಚಿಕೊಂಡೇ ಹೇಳಿದ. ಕೇಳುವ ಮನುಷ್ಯರು ಮುಗಿದ ಮೇಲೆ ಎಮ್ಮೆಗೂ ಹೇಳಿದನಂತೆ. ಎಮ್ಮೆ ಅಂದು ಎರಡು ಸೇರು ಹಾಲು ಹೆಚ್ಚಿಗೆ ಕೊಟ್ಟಿತೆಂಬುದು ಅವನೇ ಹಬ್ಬಿಸಿದ ಸುದ್ದಿ.

ಆ ಅಕ್ಕನ ಹೆಸರು ಗುರುಶಾಂತವ್ವ. ವಯಸ್ಸು ಐವತ್ತೆಂಟು. ಶಿರಸಿ ಪೇಟೆಯ ಹಿಂದಿನ ಓಣಿಯಲ್ಲಿ ಒಂದೂವರೆ ಖೋಲಿ ಬಾಡಿಗೆಗೆ ಹಿಡಿದು ಜೋಳದ ರೊಟ್ಟಿ ಬಡಿದು ಮಾರುವವಳು. ಬೆಳಗಿನ ಐದಕ್ಕೆ ಅವಳು ರೊಟ್ಟಿ ತಟ್ಟಲು ಕೂತರೆ ಓಣಿಯ ಕೋಳಿಗಳು ಇನ್ನು ತಮಗೇನು ಕೆಲಸವೆಂದು ಮತ್ತೆ ಮಲಗುತ್ತಿದ್ದವು. ರೊಟ್ಟಿ ಎಷ್ಟು ತೆಳುವೆಂದರೆ, ಪೇಪರಿನ ಮೇಲೆ ರೊಟ್ಟಿ ಹಾಸಿಕೊಂಡು ಅದರೊಳಗಿಂದಲೇ ಸುದ್ದಿ ಓದುವ ಗಿರಾಕಿಗಳಿದ್ದರು. ಜೋಳ ಕೊಳ್ಳುವಾಗ ಮಾತ್ರ ಅವಳಷ್ಟು ಅನುಮಾನದ ಹೆಂಗಸು ಇನ್ನೊಬ್ಬಳಿಲ್ಲ. ಮೇಲಿನ ಕಾಳು ನೋಡಿ ಎಂದೂ ಒಪ್ಪಿದವಳಲ್ಲ. ಮೊಣಕೈ ತನಕ ಚೀಲದೊಳಗೆ ಕೈಯಿಳಿಸಿ ತಳದ ಹಿಡಿಯನ್ನು ಮೇಲಕ್ಕೆ ತಂದು, ಮೂಸಿ, ಆಮೇಲೆ ಮಾತು. ಅವಳು ಅಂಗಡಿಯ ಮೆಟ್ಟಿಲು ಹತ್ತಿದರೆ ಹುಳ ಬಿದ್ದ ಜೋಳ ತಾನೇ ಹಿಂಬಾಗಿಲಿನಿಂದ ಓಡಿಹೋಗುತ್ತದೆಂದು ವ್ಯಾಪಾರಿಗಳೇ ಹೇಳುತ್ತಿದ್ದರು.

ಲಾರಿ ಡ್ರೈವರನಾಗಿದ್ದ ಗಂಡ ತೀರಿಕೊಂಡು ಹನ್ನೊಂದು ವರ್ಷ. ಮಕ್ಕಳಿಲ್ಲ. ಹೆಣ್ಣುಮಗಳು ತವರಿನಿಂದ ಹೊರಡುವಾಗ ಅವಳ ಸೆರಗಿನ ಮಡಿಲಿಗೆ ಅಕ್ಕಿ, ಕೊಬ್ಬರಿ, ಉತ್ತತ್ತಿ, ಕುಬಸದ ಖಣ ಹಾಕಿ ಉಡಿ ತುಂಬಿ ಕಳಿಸುವುದು ಆ ಕಡೆಯ ರೂಢಿ. ಆದರೆ ಅದು ಗಂಡನಿರುವವಳಿಗೆ. ಉಡಿ ತುಂಬುವ ಹೊತ್ತಿಗೆ ಗುರುಶಾಂತವ್ವನಿಗೆ ಯಾರೂ ‘ಹೊರಗಿರು’ ಎಂದದ್ದಿಲ್ಲ. ‘ಒಳಗ ಹಾಲು ಉಕ್ಕತಾವೇನ್ ನೋಡು’ ಎನ್ನುತ್ತಿದ್ದರು. ಹನ್ನೊಂದು ವರ್ಷದಲ್ಲಿ ಅವಳು ನೋಡಲು ಹೋದ ಹಾಲನ್ನೆಲ್ಲ ಕೂಡಿಸಿದ್ದರೆ ವರದಾ ಹೊಳೆಗೆ ಇನ್ನೊಂದು ಸೇತುವೆ ಕಟ್ಟಬೇಕಾಗುತ್ತಿತ್ತು.

ಇಂಥವಳ ಖೋಲಿಯ ಮುಂದೆ ಸಂಗಯ್ಯ ಬಾಡಿಗೆ ಕಾರಿನಲ್ಲಿ ಬಂದಿಳಿದ. ಕೈಯಲ್ಲಿ ಸ್ಟೀಲಿನ ಡಬ್ಬಿ, ಡಬ್ಬಿಯಲ್ಲಿ ಪಂಚಮಿಯ ಉಂಡಿ.

“ಅಕ್ಕಾ, ಈ ಸಲ ಬರಾಕಬೇಕು. ಉಡಿ ತುಂಬತೀವಿ ನಿನಗ.”

“ಯಾಕೋ ಸಂಗೂ, ಜ್ವರ ಗಿರ ಬಂದಾವೇನ?”

“ಕಾಲ ಬದಲಾಗೇತಿ ಅಕ್ಕಾ.”

“ಕಾಲ ಬದಲಾಗಿ ಭಾಳ ದಿನ ಆತು. ನೀ ಯಾವಾಗ ಬದಲಾದಿ?”

ಸಂಗಯ್ಯ ನಕ್ಕು ಕಾರು ಹತ್ತಿದ. ಅವಳು ಉಂಡಿ ತಟ್ಟೆಗೆ ಸುರುವಿ ಡಬ್ಬಿ ಕೊಡಹೋದರೆ “ಇರ್ಲಿ, ನೀನ ಇಟಕೋ” ಎಂದುಬಿಟ್ಟ. ತವರಿನ ಡಬ್ಬಿ ಶಿರಸಿಯಲ್ಲಿ ಒಂದು ರಾತ್ರಿ ಕಳೆದ ಇತಿಹಾಸವಿರಲಿಲ್ಲ. ಉಂಡಿ ಗಂಟಲಿಳಿಯುವ ಮೊದಲೇ ‘ಡಬ್ಬಿ ತೊಳದ ಕೊಡು’ ಎನ್ನುವ ಮನೆತನ ಅದು. ಡಬ್ಬಿಯನ್ನೇ ಬಿಟ್ಟು ಹೋದನೆಂದರೆ ಅದಕ್ಕಿಂತ ದೊಡ್ಡದೇನನ್ನೋ ಒಯ್ಯಲು ಬಂದಿದ್ದಾನೆ.

ಪಕ್ಕದ ಮನೆಯ ರೋಹಿಣಿಗೆ ಹೇಳಿದಳು. ರೋಹಿಣಿ ಹುಲಗೋಳದ ತೋಟದವರ ಮನೆಮಗಳು, ಕಚೇರಿಯೊಂದರಲ್ಲಿ ಗುಮಾಸ್ತಳಾಗಿದ್ದು ನಿವೃತ್ತಳಾದವಳು. ಕನ್ನಡಕ ಏರಿಸಿ ಮೊಬೈಲು ತೆಗೆದಳು.

“ನಿಮ್ಮ ಅಪ್ಪನ ಗದ್ದೆ ಪಹಣಿ ಯಾವಾಗಾದ್ರೂ ನೋಡಿದ್ರಾ ಗುರುಶಾಂತಕ್ಕ?”

“ನಾ ಯಾಕ ನೋಡ್ಲಿ? ಗದ್ದಿ ತಮ್ಮ ಮಾಡ್ತಾನ.”

“ಸರ್ವೆ ನಂಬರ್ ಹೇಳಿ.” ಮೊಬೈಲನ್ನು ಹತ್ತು ಸಲ ಒತ್ತಿದ ಮೇಲೆ ರೋಹಿಣಿಯ ಮನೆಯ ಹವ್ಯಕ ಮಾತೇ ಹೊರಬಿತ್ತು. “ಅಯ್ಯೋ, ಇನ್ನೂವ ಅಪ್ಪನ ಹೆಸ್ರಲ್ಲೇ ಇದ್ದು! ಅಪ್ಪ ಸತ್ತು ಎಷ್ಟು ವರ್ಷ ಆತು?”

“ಹದಿನಾರು.”

“ಅಬ್ಬೆನೂ ಇಲ್ಲೆ, ಮಕ್ಕಳು ನೀವಿಬ್ಬರೇ. ಹಂಗಾರೆ ಅರ್ಧ ನಿಮ್ಮದು ಮಾರಾಯ್ತಿ! ನಿಮ್ಮ ಸಹಿ ಇಲ್ದೆ ಅವ ಅಲ್ಲಿ ಒಂದು ಗೂಟ ಹುಗಿಯೋ ಹಂಗಿಲ್ಲ.”

ರಸ್ತೆ ಬದಿಯ ಗದ್ದೆಯಲ್ಲಿ ಸಂಗಯ್ಯ ಪೆಟ್ರೋಲ್ ಬಂಕ್ ಹಾಕುತ್ತಾನಂತೆ, ಟೇಪು ಹಿಡಿದು ಅಳೆಸುತ್ತಿದ್ದಾನಂತೆ ಎಂದು ಊರ ಕಡೆಯ ಬಸ್ಸಿನ ಕಂಡಕ್ಟರು ಹೇಳಿದ್ದು ಗುರುಶಾಂತವ್ವನಿಗೆ ಆಗ ನೆನಪಾಯಿತು. ಅದರ ಬೆನ್ನಿಗೇ ನೆನಪಾದವಳು ತಾಯಿ ಗಿರಿಜವ್ವ.

ಆ ಮನೆತನದ ಹೆಂಗಸರ ಚರಿತ್ರೆ ಬರೆಯಲು ಒಂದು ರೊಟ್ಟಿಯಷ್ಟು ಜಾಗ ಸಾಕು. ಅಜ್ಜಿಗೆ ಹಕ್ಕೇ ಇರಲಿಲ್ಲ, ಹಾಗಾಗಿ ಅವಳನ್ನು ಯಾರೂ ಏನೂ ಕೇಳಲಿಲ್ಲ. ತಾಯಿಯ ಕಾಲಕ್ಕೆ ಕಾಯ್ದೆ ಒಂದು ಗೇಣು ಮುಂದೆ ಬಂತು. ಕೂಡಲೇ ಅಣ್ಣಂದಿರ ಪ್ರೀತಿ ಒಂದು ಮೊಳ ಮುಂದೆ ಬಂತು. ಸಾಲೆಯ ಬಾಗಿಲು ತೋರಿಸದ ತಂಗಿಗೆ ಅವರೇ ಕೂತು ನಾಲ್ಕು ಅಕ್ಷರ ಕಲಿಸಿದರು, ಅವಳ ಹೆಸರಿಗೆ ಬೇಕಾಗುವಷ್ಟು. ಪಂಚಮಿಗೆ ಕರೆದು ಉಡಿ ತುಂಬಿದರು. ಅಕ್ಕಿಯೆಲ್ಲ ಮಡಿಲಿಗೆ ಬಿದ್ದು ಮೊರ ಬರಿದಾದಾಗ ತಳದಲ್ಲಿ ಒಂದು ಕಾಗದ ಕೂತಿತ್ತು. ತುಂಬಿದ ಉಡಿಯಲ್ಲಿ ‘ಒಲ್ಲೆ’ ಎಂದರೆ ತವರು ಬರಿದಾಗುತ್ತದೆ ಎಂಬುದು ಅವರ ನಂಬಿಕೆ. ಗಿರಿಜವ್ವ ಕಲಿತ ವಿದ್ಯೆಯನ್ನೆಲ್ಲ ಅದರ ಮೇಲೆ ಬರೆದುಕೊಟ್ಟಳು. ಐದನೆಯ ಅಕ್ಷರ ಯಾರೂ ಕಲಿಸಲಿಲ್ಲ. ಕಲಿತದ್ದು ವ್ಯರ್ಥವಾಗಬಾರದೆಂದು ಆಮೇಲೆ ಉಪ್ಪಿನ ಭರಣಿಯ ಮೇಲೂ ಗಿರಿಜವ್ವ, ಖಾರಪುಡಿಯ ಭರಣಿಯ ಮೇಲೂ ಗಿರಿಜವ್ವ ಎಂದು ಬರೆದಿಟ್ಟಳು. ಮನೆಮಂದಿ ಮೂಸಿ ಮೂಸಿ ಅಡುಗೆ ಮಾಡಬೇಕಾಯಿತು. ಈ ಕತೆಯನ್ನು ಅವಳು ನಗುತ್ತ ಮಕ್ಕಳಿಬ್ಬರಿಗೂ ಹೇಳುತ್ತಿದ್ದಳು. ಮಗಳು ನಕ್ಕು ಸುಮ್ಮನಾಗಿದ್ದಳು. ಮಗ ಕೇಳಿ ಇಟ್ಟುಕೊಂಡಿದ್ದನೋ ಏನೋ.

ಪಂಚಮಿಯ ದಿನ ಗುರುಶಾಂತವ್ವ ಊರಿನ ಬಸ್ಸು ಹತ್ತಿದಳು.

“ಬರ್ರಿ ಅಕ್ಕಾರ, ಕುರ್ಚಿ ಮ್ಯಾಲ ಕುಂಡರ್ರಿ!” ಎಂದು ನಾದಿನಿಯ ಕೈಯ ಚೀಲ ಕಸಿದುಕೊಂಡವಳು ಸಂಗಯ್ಯನ ಹೆಂಡತಿ ಮಹೇಶ್ವರಿ. ಊಟಕ್ಕೆ ಕೂತರೆ ಹೋಳಿಗೆಗೆ ಎಷ್ಟು ತುಪ್ಪ ಬಿತ್ತೆಂದರೆ ಹೋಳಿಗೆಯನ್ನು ಹುಡುಕಲು ಈಜುಗಾರರನ್ನು ಕರೆಸಬೇಕಿತ್ತು. ಒಂದೊಂದು ಮಿಳ್ಳೆ ತುಪ್ಪಕ್ಕೆ ಗುರುಶಾಂತವ್ವನ ಅನುಮಾನ ಒಂದೊಂದು ಗೇಣು ಏರಿತು. ಪರೀಕ್ಷೆಗೆಂದು ಕೇಳಿದಳು:

“ಮಹೇಶ್ವರಿ, ಹಾಲು ಉಕ್ಕತಾವೇನ್ ನೋಡ್ಲಿ?”

“ಛೇ ಛೇ! ನೀವ್ಯಾಕ್ರಿ ಏಳತೀರಿ? ಉಕ್ಕಿದ್ರ ಉಕ್ಕಲಿ ಬಿಡ್ರಿ!”

ಹಾಲು ಉಕ್ಕಿದರೂ ಚಿಂತೆಯಿಲ್ಲವೆಂದರೆ ಪ್ರಕರಣ ಗಂಭೀರವಾಗಿಯೇ ಇದೆ.

ಊಟದ ಮೇಲೆ ಜಂತಿಗೆ ಕಟ್ಟಿದ ಜೋಕಾಲಿಯಲ್ಲಿ ಸಂಗಯ್ಯ ಅವಳನ್ನು ಕೂರಿಸಿದ. ತೂಗುವ ಮೊದಲು ಹಗ್ಗದ ಗಂಟನ್ನು ಎರಡು ಸಲ ಜಗ್ಗಿ ನೋಡಿದ. ಎಂಟು ವರ್ಷದವನಿದ್ದಾಗಲೂ ಅವನು ಹಾಗೆಯೇ ನೋಡುತ್ತಿದ್ದ, ಅಕ್ಕ ಬಿದ್ದಾಳೆಂದು. ಜೋಕಾಲಿ ಹಿಂದಕ್ಕೆ ಹೋಗಿ ಮುಂದಕ್ಕೆ ಬರುವಷ್ಟರಲ್ಲಿ ಗುರುಶಾಂತವ್ವನಿಗೆ ತನ್ನ ಮೇಲೇ ನಾಚಿಕೆಯಾಯಿತು. ರೊಟ್ಟಿ ಮಾರಿ ಮಾರಿ ಒಡಹುಟ್ಟಿದವನನ್ನೂ ಜೋಳದ ಚೀಲದಂತೆ ನೋಡುವುದೇ? ಹನ್ನೊಂದು ವರ್ಷದಿಂದ ಈ ಕರೆಗೆ ತಾನು ಕಾದದ್ದು ಸುಳ್ಳಲ್ಲ. ಮೊರದ ತಳದಲ್ಲಿ ಏನೂ ಇಲ್ಲದಿದ್ದರೆ, ಅಷ್ಟೇ ಸಾಕು, ಗದ್ದೆಯ ಮಾತೇ ಎತ್ತದೆ ಹೋದೇನೆಂದು ಮನಸ್ಸಿನಲ್ಲೇ ಒಪ್ಪಿಕೊಂಡಳು.

ಸಂಜೆ ನಾಲ್ಕಕ್ಕೆ ಓಣಿಯ ಹೆಂಗಸರು ನೆರೆದರು. ತನ್ನ ಸುಧಾರಣೆಗೆ ಸಾಕ್ಷಿ ಬೇಕೆಂದು ಸಂಗಯ್ಯ ಐದು ಮಂದಿಯನ್ನು ಕರೆದರೆ ಐವತ್ತು ಮಂದಿ ಬಂದಿದ್ದರು. ಅವನ ಸಣ್ಣ ಭಾಷಣವೂ ಆಯಿತು. ಗುರುಶಾಂತವ್ವ ಮಣೆಯ ಮೇಲೆ ಕೂತಳು. ಮಹೇಶ್ವರಿ ಮೊರ ತಂದು ಮುಂದಿಟ್ಟಳು: ದಿಬ್ಬದಂತೆ ಅಕ್ಕಿ, ಮೇಲೆ ಕೊಬ್ಬರಿ ಬಟ್ಟಲು, ಹಸಿರು ಖಣ.

“ಉಡಿ ಒಡ್ಡ್ರಿ ಅಕ್ಕಾರ.”

ಗುರುಶಾಂತವ್ವನ ಎಡಗೈ ಸೆರಗಿಗೆ ಹೋಯಿತು. ಬಲಗೈ ಅಕ್ಕಿಗೆ ಹೋಯಿತು. ಬೆರಳು ಇಳಿಯುತ್ತಿದ್ದಂತೆ ಬರೀ ಬಿದಿರು ತಾಗಲಿ ಎಂದು ಬೇಡಿಕೊಂಡಳು.

ತಾಗಿದ್ದು ಪ್ಲಾಸ್ಟಿಕ್ಕು.

ಎಳೆದಳು. ಕವರಿನೊಳಗೆ ನೀಟಾಗಿ ಮಡಚಿದ ಛಾಪಾ ಕಾಗದ, ಜೊತೆಗೊಂದು ಪೆನ್ನು. ಐವತ್ತು ಹೆಂಗಸರ ಕುತ್ತಿಗೆಗಳು ಒಮ್ಮೆಲೇ ಒಂದು ಗೇಣು ಉದ್ದವಾದವು.

“ಇದೇನ್ ತಮ್ಮಾ? ನಮ್ಮ ಕಡೆ ಅಕ್ಕಿಗೆ ಹುಳ ಬೀಳತಾವ. ನಿಮ್ಮ ಕಡೆ ಕಾಗದ ಬೀಳತಾವೇನು?”

“ಅದು... ಏನಿಲ್ಲ ಅಕ್ಕಾ.” ಸಂಗಯ್ಯನ ಮುಖ ಹಂಚಿನ ಮೇಲೆ ಮರೆತ ರೊಟ್ಟಿಯಂತಾಗಿತ್ತು. “ಬಂಕಿನವರು ಕೇಳತಾರ. ರಸ್ತಿ ಬಾಜೂದ ಗದ್ದಿ ಬಿಟ್ಟುಕೊಟ್ಟೀನಿ ಅಂತ ಒಂದು ಸಹಿ. ನಾಳಿ ಶಿರಸಿ ಆಫೀಸಿನಾಗ ಒಂದು ಹೆಬ್ಬೆಟ್ಟು. ಅವ್ವನೂ ತನ್ನ ತವರಿಗೆ ಹಿಂಗ ಮಾಡಿದ್ಲಲ್ಲ?”

“ಅವ್ವ ಮೊರದಾಗ ಕೈ ಹಾಕಿರಲಿಲ್ಲ.”

“ಉಡಿ ತುಂಬೂ ಹೊತ್ತಿನಾಗ ಒಲ್ಲೆ ಅನಬಾರದಕ್ಕಾ!”

“ಇನ್ನೂ ತುಂಬಿಲ್ಲಲ್ಲೋ.”

ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರು. ಸಂಗಯ್ಯ ಬೆವರು ಒರೆಸಿಕೊಂಡ.

“ಅಕ್ಕಾ, ಮಂದಿ ನೋಡಾಕತ್ತಾರ. ಊರ ತುಂಬ ಹೇಳಿಕೊಂಡ ಬಂದೀನಿ ನಾ. ಮರ್ಯಾದಿ ಉಳಸು. ಒಡ್ಡು ಉಡಿ, ಒಲ್ಲೆ ಅನಬ್ಯಾಡ.”

ಗುರುಶಾಂತವ್ವ ಎದ್ದು ನಿಂತಳು. ಸೆರಗಿನ ಎರಡೂ ತುದಿ ಹಿಡಿದು, ರೊಟ್ಟಿ ಬಡಿದು ಗಟ್ಟಿಯಾದ ತೋಳುಗಳನ್ನು ಎಷ್ಟು ಚಾಚಲು ಸಾಧ್ಯವೋ ಅಷ್ಟು ಅಗಲಕ್ಕೆ ಚಾಚಿದಳು.

“ಯಾರು ಒಲ್ಲೆ ಅಂದ್ರೋ? ಅಕ್ಕಿ ನಾ ಶಿರಸ್ಯಾಗ ಕೊಂಡ್ ತಿಂತೀನಿ. ನೀ ಗದ್ದೀನ ಹಾಕು, ನನ್ನ ಅರ್ಧ. ಹನ್ನೊಂದು ವರ್ಷ ಖಾಲಿ ಇದ್ದ ಉಡಿ ಐತಿ, ಹಿಡಸತೈತಿ.”