ಬದುಕಿದ್ದ ದೊಡ್ಡಪ್ಪನಿಗೆ ಎಡೆ

ನಮ್ಮ ದೊಡ್ಡಪ್ಪ ಎರಡು ಸಲ ತೀರಿಕೊಂಡರು. ಮೊದಲನೆಯ ಸಲ ಅವರಿಗೆ ಏನೂ ಆಗಿರಲಿಲ್ಲ. ಚಿಂತಾಮಣಿಯ ಮನೆಯ ಜಗಲಿಯ ಮೇಲೆ ಕೂತು ಹುರಿಗಡಲೆ ತಿನ್ನುತ್ತಿದ್ದರು. ಸಾಯಿಸಿದವನು ನಾನು. ಗಾಬರಿಯಾಗಬೇಡಿ, ಬಾಯಿಮಾತಿನಲ್ಲಷ್ಟೇ. ಆದರೆ ಆ ತಪ್ಪನ್ನು, ಹೆಂಡತಿಗೆ ಬಿಟ್ಟು ಯಾರಿಗೂ ಹೇಳದೆ, ಐವತ್ತು ವರ್ಷ ಹೊಟ್ಟೆಯಲ್ಲಿಟ್ಟುಕೊಂಡಿದ್ದೆ. ಈಗ ಹೇಳಿಬಿಡುತ್ತೇನೆ.

ಇಲ್ಲಿನ ಹುಡುಗರು “ಅಂಕಲ್, ಯಾವೂರು?” ಎಂದು ಕೇಳಿದರೆ “ಆಸ್ಟಿನ್” ಎನ್ನುತ್ತೇನೆ. “ಅದಲ್ಲ ಅಂಕಲ್, ಇಂಡಿಯಾದಲ್ಲಿ?” ಎನ್ನುತ್ತಾರೆ. “ಅಲ್ಲೂ ಆಸ್ಟಿನ್ನೇ ಕಣಪ್ಪ.” ಬೆಂಗಳೂರಿನ ಆಸ್ಟಿನ್ ಟೌನಿನಲ್ಲಿ ಹುಟ್ಟಿದೆ, ನರ್ಸ್ ಹೆಂಡತಿ ಶಾಂತಾಳ ಹಿಂದೆ ಹ್ಯೂಸ್ಟನ್ನಿಗೆ ಬಂದೆ, ಅವಳು ರಿಟೈರ್ ಆದ ಮೇಲೆ ಇಬ್ಬರೂ ಆಸ್ಟಿನ್ ಪಕ್ಕದ ಸೀಡರ್ ಪಾರ್ಕಿಗೆ ಶಿಫ್ಟ್ ಆದೆವು. ಇಲ್ಲಿ ಫುಟ್‌ಬಾಲ್ ಎಂದರೆ ಕೈಯಲ್ಲಿ ಚೆಂಡು ಹಿಡಿದುಕೊಂಡು ಓಡುವುದು. ನಾನು ಗೋಲ್‌ಕೀಪರ್ ಆಗಿದ್ದವನು. ಕೈಯಲ್ಲಿ ಚೆಂಡು ಹಿಡಿದು ಓಡುವ ಆಸೆ ನನಗೂ ಎಷ್ಟೋ ಸಲ ಆದದ್ದುಂಟು. ಹಾಗಾಗಿ ಇವರ ಮೇಲೆ ನನಗೆ ಸಿಟ್ಟಿಲ್ಲ.

ನಮ್ಮ ಆಸ್ಟಿನ್ ಟೌನಿನಲ್ಲಿ ಹುಡುಗರಿಗೆ ನಡೆಯಲು ಬರುವ ಮೊದಲೇ ಒದೆಯಲು ಬರುತ್ತಿತ್ತು. ಕ್ಲಬ್ಬಿನ ಕೋಣೆಯ ಗೋಡೆಯಲ್ಲಿ, ಆಂಜನೇಯನ ಪಕ್ಕ, ಪತ್ರಿಕೆಯಿಂದ ಕತ್ತರಿಸಿದ ಒಂದು ಚಿತ್ರವಿತ್ತು. ಇಂಗ್ಲೆಂಡಿನ ಒಂದು ಫುಟ್‌ಬಾಲ್ ತಂಡ. ನಮಗೆ ಆಟ ಕಲಿಸಿದ ಮಾಸ್ಟರು ಎರಡಕ್ಕೂ ಊದುಬತ್ತಿ ಬೆಳಗುತ್ತಿದ್ದರು. ಆ ತಂಡ ಬೇರೆ ದೇಶದಲ್ಲಿ ಆಡಿ ವಾಪಸು ಬರುವಾಗ ಮ್ಯೂನಿಕ್‌ನಲ್ಲಿ ಇಂಧನಕ್ಕಾಗಿ ವಿಮಾನ ಇಳಿಯಿತು. ಹಿಮ ಬೀಳುತ್ತಿತ್ತು. ವಿಮಾನ ಎರಡು ಸಲ ಮೇಲೇಳಲು ಹೋಗಿ ನಿಂತಿತು. ಮೂರನೆಯ ಸಲ ಕೆಸರಾದ ಹಿಮದಲ್ಲಿ ಓಡಿ, ಏಳಲಾರದೆ, ಬೇಲಿ ಮುರಿದು ಮನೆಯೊಂದಕ್ಕೆ ಬಡಿಯಿತು. ಎಂಟು ಆಟಗಾರರು ಹೋದರು, ಹೆಚ್ಚಿನವರು ಇಪ್ಪತ್ತೈದು ದಾಟದವರು. ಮಾಸ್ಟರು ಇದನ್ನು ಹೇಳುತ್ತಿದ್ದುದು ನಮಗೆ ಕೆಚ್ಚು ಬರಲಿ ಎಂದು. ಎರಡೇ ವಾರದಲ್ಲಿ ಆ ತಂಡ ಮತ್ತೆ ಮೈದಾನಕ್ಕಿಳಿಯಿತು. ಆ ದಿನ ಹಂಚಿದ ಕಾಗದದಲ್ಲಿ ಅವರ ಆಟಗಾರರ ಹೆಸರಿನ ಜಾಗವನ್ನು ಖಾಲಿ ಬಿಟ್ಟಿದ್ದರಂತೆ, ಯಾರು ಆಡುತ್ತಾರೆಂದೇ ಗೊತ್ತಿರದೆ. “ಆದ್ರೂ ಗೆದ್ರು ಕಣ್ರೋ!” ಎಂದು ಮಾಸ್ಟರು ಮೇಜು ಗುದ್ದುತ್ತಿದ್ದರು. ಎಲ್ಲರಿಗೂ ರೋಮಾಂಚನ. ನನ್ನ ತಲೆಯಲ್ಲಿ ಉಳಿದದ್ದು ಮಾತ್ರ ಒಂದೇ: ಫುಟ್‌ಬಾಲ್ ಆಡುವವರು ವಿಮಾನ ಹತ್ತಬಾರದು.

ಹತ್ತುವ ಪ್ರಸಂಗವೇ ಇರಲಿಲ್ಲ ಬಿಡಿ. ಮುಂದೆ ಮಾಸ್ಟರ ಜೊತೆಯಲ್ಲೇ ಕಾರ್ಖಾನೆಯ ತಂಡ ಸೇರಿದಾಗಲೂ ನಾವು ರೈಲಿನ ಎರಡನೇ ದರ್ಜೆಯವರು. ಆದರೆ ಕಲ್ಕತ್ತೆಯ ಪಂದ್ಯಕ್ಕೆ ಹೊರಡಬೇಕಾದ ವರ್ಷ ರೈಲು ಮುಷ್ಕರ ಬಂತು. ದೊಡ್ಡ ಸಾಹೇಬರು ಉದಾರಿಯಾಗಿ “ವಿಮಾನದಲ್ಲಿ ಹೋಗಿ” ಎಂದುಬಿಟ್ಟರು. ತಂಡವೆಲ್ಲ ಕುಣಿಯಿತು. ನನಗೆ ಅನ್ನ ಇಳಿಯಲಿಲ್ಲ. ಜ್ವರ ಎಂದರೆ ಕಾರ್ಖಾನೆಯ ಡಾಕ್ಟರು ಹಿಡಿದುಬಿಡುತ್ತಾರೆ, ಕಾಲುನೋವು ಎಂದರೆ ಮಾಸ್ಟರು ಎಣ್ಣೆ ತಿಕ್ಕುತ್ತಾರೆ. ಯಾರೂ ಮರುಮಾತಾಡದ ಕಾರಣ ನಮ್ಮಲ್ಲಿ ಒಂದೇ ಒಂದು: ಸೂತಕ. “ದೊಡ್ಡಪ್ಪ ಹೋಗ್ಬಿಟ್ರು ಸಾರ್, ಹನ್ನೊಂದು ದಿನ ಎಲ್ಲೂ ಹೋಗೋ ಹಾಗಿಲ್ಲ” ಎಂದೆ. ಅಷ್ಟಕ್ಕೆ ನಿಲ್ಲಿಸಬಹುದಿತ್ತು. ಸುಳ್ಳಿಗೆ ಒಗ್ಗರಣೆ ಹಾಕದಿದ್ದರೆ ನನಗೆ ಸಮಾಧಾನವಿಲ್ಲ. “ಕೊನೇಲಿ ಉದ್ದಿನವಡೆ ಕೇಳಿದ್ರಂತೆ. ಬಾಯಿಗಿಡೋ ಹೊತ್ತಿಗೆ…” ಎಂದು ಕಣ್ಣು ಒರೆಸಿಕೊಂಡೆ. ದೊಡ್ಡಪ್ಪನಿಗೆ ಎಣ್ಣೆ ತಿಂಡಿ ಕಂಡರೆ ಆಗುತ್ತಿರಲಿಲ್ಲ.

ನನ್ನ ಜಾಗದಲ್ಲಿ ಹೋದವನು ಪಟ್ಟಿಯಲ್ಲೇ ಇಲ್ಲದ ಎರಡನೆಯ ಗೋಲ್‌ಕೀಪರ್ ಜಯಣ್ಣ. ವಿಮಾನ ಹೂವಿನ ಹಾಗೆ ಇಳಿಯಿತಂತೆ. ಜಯಣ್ಣ ಏಳು ಗೋಲು ಬಿಟ್ಟ. ಅಂದಿನಿಂದ ಅವನ ಹೆಸರು ಜರಡಿ ಜಯಣ್ಣ. ಮದುವೆಯ ದಿನ ಅವನ ಅತ್ತೆಯೂ ಬಾಯಿತಪ್ಪಿ “ಜರಡಿಯೋರೇ” ಎಂದರು. ನನಗೆ ಗಂಟಲಲ್ಲಿ ಲಾಡು ಸಿಕ್ಕಿಕೊಂಡಿತು.

ಈ ಜಯಣ್ಣ ಮಗಳ ಮನೆಗೆಂದು ಡಾಲಸ್ ಹತ್ತಿರದ ಲಿಟಲ್ ಎಲ್ಮ್‌ಗೆ ಬಂದಿದ್ದಾನೆ. ಮೊನ್ನೆ ಫೋನ್ ಮಾಡಿದ. “ಲೇ ನಾಗ, ಮಹಾಲಯ ಅಮಾವಾಸ್ಯೆಗೆ ಬಾರೋ. ಎಡೆ ಇಡ್ತೀವಿ. ನಿನಗೊಂದು ತೋರಿಸ್ಬೇಕು.”

ಕಾರು ಡ್ರೈವ್ ಮಾಡಿದ್ದು ಶಾಂತಾ. ಡಾಲಸ್ ಮುಟ್ಟುವವರೆಗೂ ಅವಳದು ಒಂದೇ ಮಾತು. “ಇವತ್ತರ ಅವರಿಗೆ ಖರೇ ಹೇಳ್ರಿ. ಎಷ್ಟ ವರ್ಷಾತು, ನಿದ್ದಿಗಣ್ಣಾಗ ಏಳು, ಏಳು ಅಂತೀರಿ. ನನಗ ಏಳ್ಲಿಕ್ಕೆ ಹೇಳ್ತೀರೇನೋ ಅಂತ ಎದ್ದು ಕೂಡ್ತೀನಿ.” ನಿಜ ತಿಳಿದು ಜಯಣ್ಣ ನನ್ನೊಡನೆ ಮಾತು ಬಿಟ್ಟರೆ ನನಗೆ ಹಳೆಯ ಸ್ನೇಹಿತನೆಂದು ಬೇರೆ ಯಾರೂ ಉಳಿದಿಲ್ಲ. ಮಾಸ್ಟರೂ ಇಲ್ಲ, ತಂಡದ ಉಳಿದವರೂ ಇಲ್ಲ.

ಹೋಗಿ ನೋಡಿದರೆ ಜಯಣ್ಣನ ಮಗಳ ಮನೆಯ ಹಾಲ್‌ನಲ್ಲಿ ಮೂರು ಬಾಳೆಲೆ. ಒಂದು ಅವನ ಅಪ್ಪನಿಗೆ, ಒಂದು ಅಮ್ಮನಿಗೆ. ಮೂರನೆಯದರಲ್ಲಿ ಉದ್ದಿನವಡೆಯ ಗುಡ್ಡೆ. “ಇದು ಯಾರಿಗೋ?” ಎಂದೆ.

“ನಿಮ್ಮ ದೊಡ್ಡಪ್ಪನಿಗೆ ಕಣೋ. ಆವತ್ತಿಂದ ಒಂದು ವರ್ಷಾನೂ ತಪ್ಪಿಸಿಲ್ಲ.”

ಯಾಕೆಂದು ಕೇಳುವಷ್ಟರಲ್ಲಿ ಧೂಪ ಹಾಕಿ ಎಲ್ಲರನ್ನೂ ಹೊರಗೆ ಕರೆದು ಬಾಗಿಲು ಎಳೆದುಕೊಂಡ. ಹೋದವರು ನೆಮ್ಮದಿಯಾಗಿ ಉಣ್ಣಲಿ ಎಂದು ಸ್ವಲ್ಪ ಹೊತ್ತು ಬಾಗಿಲು ಹಾಕಿ ಹೊರಗೆ ನಿಲ್ಲುವುದು ಅವರ ಮನೆಯ ಪದ್ಧತಿ. ಗ್ಯಾರೇಜಿನ ಮುಂದೆ ಬಿಸಿಲಲ್ಲಿ ನಾನು, ಜಯಣ್ಣ. ಅತ್ತ ಶಾಂತಾ, ಜಯಣ್ಣನ ಮಗಳು. ನಾಯಿ ಹಿಡಿದು ಬಂದ ಎದುರು ಮನೆಯಾತ, ಬೀಗ ಹಾಕಿಕೊಂಡು ಸಿಕ್ಕಿಬಿದ್ದಿರೇನೋ ಎಂದು ಇಂಗ್ಲಿಷಿನಲ್ಲಿ ವಿಚಾರಿಸಿದ. “ನೋ ನೋ, ಗೆಸ್ಟ್ಸ್ ಈಟಿಂಗ್” ಎಂದ ಜಯಣ್ಣ. ಆತ ನಾಯಿಯನ್ನು ಎಳೆದುಕೊಂಡು ಬೇಗ ಬೇಗ ನಡೆದ.

ಶಾಂತಾ ನನ್ನತ್ತ ಕಣ್ಣು ಬಿಟ್ಟಳು. ಹೇಳಿದೆ. ಹಿಮ, ಮ್ಯೂನಿಕ್, ನನ್ನ ಹೇಡಿತನ, ಹುರಿಗಡಲೆ, ಎಲ್ಲ. ದೊಡ್ಡಪ್ಪ ಆಮೇಲೆ ಮೂವತ್ತೈದು ವರ್ಷ ಗಟ್ಟಿಯಾಗಿದ್ದರೆಂದೂ, ಜರಡಿ ಎಂಬ ಹೆಸರು ನಿಜವಾಗಿ ನನಗೆ ಬರಬೇಕಾಗಿತ್ತೆಂದೂ ಹೇಳಿದೆ.

ಜಯಣ್ಣ ಹುಲ್ಲಿನ ಅಂಚಿಗೆ ಹೋಗಿ ನಮಗೆ ಬೆನ್ನು ಮಾಡಿ ನಿಂತ. ಹೆಗಲು ಅಲ್ಲಾಡುತ್ತಿತ್ತು. ಆಯಿತು, ಇದ್ದ ಒಬ್ಬನೂ ಹೋದ ಎಂದುಕೊಂಡೆ. ತಿರುಗಿದಾಗ ಕಣ್ಣಲ್ಲಿ ನೀರು, ಬಾಯಿತುಂಬ ನಗು.

“ಹಾಗಾದ್ರೆ ನಾನು ಸಾಯಿಸ್ಲಿಲ್ಲ!”

“ಯಾರನ್ನೋ?”

“ನಿಮ್ಮ ದೊಡ್ಡಪ್ಪನ್ನ ಕಣೋ! ವಿಮಾನ ಹತ್ತಬೇಕು ಅಂತ ಪ್ರಾಣ ಹೋಗ್ತಿತ್ತು. ಯಾರಾದ್ರೂ ಒಬ್ಬ ತಪ್ಪಿಸ್ಕೊಳ್ಳಲಿ ತಾಯಿ ಅಂತ ಅಣ್ಣಮ್ಮನಿಗೆ ಹರಕೆ ಹೊತ್ತೆ. ಮಾರನೇ ದಿನವೇ ನೀನು ಅಳ್ತಾ ಬಂದೆ. ಎಂಥಾ ಪಾಪಿ ನಾನು ಅಂತ ವರ್ಷಾ ವರ್ಷಾ ವಡೆ ಸುಡ್ತಿದೀನಿ.”

“ಜರಡಿ ಅಂದಾಗೆಲ್ಲ ಬೇಜಾರಾಗ್ಲಿಲ್ವೇನೋ?”

“ಏಳಲ್ಲ, ಎಪ್ಪತ್ತು ಬಿಟ್ರೂ ಚಿಂತೆ ಇರ್ಲಿಲ್ಲ. ಕಿಟಕಿ ಸೀಟು ಸಿಕ್ಕಿತ್ತು! ಮೋಡದ ಮೇಲ್ಗಡೆಯಿಂದ ಮೋಡ ನೋಡಿದೀನಿ. ಗೋಲ್ ಮುಂದೆ ನಿಂತಾಗ್ಲೂ ಅದೇ ಕಣ್ಣಲ್ಲಿತ್ತು, ಚೆಂಡು ಎಲ್ಲಿ ಕಾಣುತ್ತೆ?”

ಹೀಗೆ ಒಬ್ಬನ ಹೆದರಿಕೆ, ಇನ್ನೊಬ್ಬನ ಆಸೆ, ಎರಡರ ನಡುವೆ ಒಬ್ಬ ನಿರಪರಾಧಿ ಮುದುಕ ಬದುಕಿದ್ದಾಗಲೇ ಮೂವತ್ತೈದು ಎಡೆ ಇಡಿಸಿಕೊಂಡ. ಇಬ್ಬರೂ ನಕ್ಕು ನಕ್ಕು ಕಾರಿಗೆ ಒರಗಿದೆವು. ನಗು ನಿಂತ ಮೇಲೆ ಜಯಣ್ಣ ಹಣೆ ಗಂಟಿಕ್ಕಿದ. “ಅಲ್ಲ ಕಣೋ, ದೊಡ್ಡಪ್ಪ ಊರಲ್ಲಿದ್ರು. ಹಾಗಾದ್ರೆ ಅಷ್ಟು ವರ್ಷ ಬಂದು ಉಣ್ತಿದ್ದೋರು ಯಾರು?”

“ಮ್ಯೂನಿಕ್‌ನಲ್ಲಿ ಹೋದ ಆ ಹುಡುಗರೇನೋ. ನನಗೆ ಸುಳ್ಳು ಹುಟ್ಟಿಸಿದ್ದೇ ಅವರು. ಅವರ ಕಡೆ ಎಡೆ ಇಡೋ ಪದ್ಧತಿಯೂ ಇಲ್ಲವಲ್ಲ” ಎಂದೆ.

ಜಯಣ್ಣ ಬಾಗಿಲ ಕಡೆ ತಿರುಗಿ ನೋಡಿದ. “ಮೆಣಸಿನಕಾಯಿ ಕಮ್ಮಿ ಹಾಕಿಸ್ಬೇಕಿತ್ತು” ಎಂದ.

ಅಷ್ಟರಲ್ಲಿ ಶಾಂತಾ ಬಾಗಿಲ ಕಡೆ ನಡೆದಳು. “ಸಾಕ ನಿಮ್ಮ ನಗಿ. ಒಳಗ ನಡೀರಿ, ವಡಿ ಆರ್ತಾವ.”

“ಇನ್ನೊಂದೈದು ನಿಮಿಷ ಇರಮ್ಮ,” ಎಂದ ಜಯಣ್ಣ, ಬಾಗಿಲಿಗೆ ಅಡ್ಡ ನಿಂತು, ಗೋಲ್ ಕಾಯುವವನ ಹಾಗೆ ಎರಡೂ ಕೈ ಚಾಚಿ. “ಎಂಟು ಜನ ಊಟ ಮಾಡ್ತಿದಾರೆ. ವಯಸ್ಸಿನ ಹುಡುಗರು, ನಿಧಾನವಾಗಿ ಉಣ್ಣಲಿ.”