ಬಾಯಿಲ್ಲದ ಫಲಕಾಯ

ದೆಹಲಿಯ ಆರ್.ಕೆ.ಪುರಂನ ನಮ್ಮ ಸರ್ಕಾರಿ ಕ್ವಾರ್ಟರ್ಸಿನ ಹಿಂಬದಿಯ ಬಾಲ್ಕನಿಯಲ್ಲಿ, ತುಳಸಿ ಕುಂಡದ ಪಕ್ಕ, ಅಗಲ ಬಾಯಿಯ ಮೂರು ಗಾಜಿನ ಜಾಡಿಗಳಿದ್ದವು. ಉಪ್ಪಿನಕಾಯಿ ಹಾಕಲೆಂದು ನಾನು ಊರಿನಿಂದ ರೈಲಿನಲ್ಲಿ ಮಡಿಲಲ್ಲಿಟ್ಟುಕೊಂಡು ತಂದವು. ಒಂದರಲ್ಲಿ ಮಾತ್ರ ಉಪ್ಪಿನಕಾಯಿ ಇತ್ತು. ಉಳಿದೆರಡರಲ್ಲಿ ನಮ್ಮವರು ಒದ್ದೆ ಹೀರುಕಾಗದ ಹಾಸಿ, ಅದರ ಮೇಲೆ ಪಕ್ಕದ ಮುನೀರ್ಕಾ ಹಳ್ಳಿಯ ಎಮ್ಮೆ ಸಗಣಿ ಇಟ್ಟು, ಬೂಷ್ಟು ಬೆಳೆಸುತ್ತಿದ್ದರು.

"ಎಂತದು ಮಾರಾಯ್ರೆ, ಉಪ್ಪಿನಕಾಯಿ ಜಾಡಿಗೆ ಸಗಣಿ ಹಾಕುವುದಾ?" ಎಂದು ಮೊದಲ ದಿನ ನಾನು ಕೂಗಾಡಿದ್ದೆ.

"ಜಾಡಿ ಬೇಕಾದರೆ ತೊಳೆಯಬಹುದು ಮಾರಾಯ್ತಿ. ಸಗಣಿಯನ್ನು ತೊಳೆಯಲಿಕ್ಕೆ ಆಗ್ತದಾ?" ಎಂದಿದ್ದರು.

ಅವು ಎಪ್ಪತ್ತರ ದಶಕದ ಮೊದಲ ವರ್ಷಗಳು. ಕರಾವಳಿಯ ನಮ್ಮ ಕಡೆಯವರು ಬಹಳ ಮಂದಿ ದೆಹಲಿಗೆ ಬಂದದ್ದು ಹೋಟೆಲಿಗಾಗಿ. ನಮ್ಮವರು ಬಂದದ್ದು ಬೂಷ್ಟಿಗಾಗಿ ಎಂದು ಅವರ ಸಹೋದ್ಯೋಗಿ ತಮಾಷೆ ಮಾಡುತ್ತಿದ್ದರು. ಈ ಸಹೋದ್ಯೋಗಿ ಧಾರವಾಡದ ಕಡೆಯವರು, ಮದುವೆಯಾಗಿರಲಿಲ್ಲ, ಭಾನುವಾರ ನಮ್ಮ ಮನೆಗೆ ಊಟಕ್ಕೆ ಬರುತ್ತಿದ್ದರು. ಇಬ್ಬರೂ ಬೆಳೆಗಳಿಗೆ ತಗಲುವ ಶಿಲೀಂಧ್ರಗಳನ್ನು ಪರೀಕ್ಷಿಸುವ ಒಂದು ಸರ್ಕಾರಿ ಪ್ರಯೋಗಾಲಯದಲ್ಲಿದ್ದರು.

ಕಾಲೇಜಿನ ವಿಜ್ಞಾನವನ್ನು ಕನ್ನಡದಲ್ಲಿ ಕಲಿಸಬೇಕೆಂಬ ಮಾತು ಊರಿನಲ್ಲಿ ಆಗ ಜೋರಾಗಿತ್ತು. ಶಿಲೀಂಧ್ರಗಳ ಮೇಲೆ ಒಂದು ಪುಸ್ತಕ ಬರೆದುಕೊಡಿ ಎಂದು ಅಲ್ಲಿನ ವಿಶ್ವವಿದ್ಯಾಲಯದವರು ನಮ್ಮವರನ್ನು ಕೇಳಿದ್ದರು. ಅವರು ಒಪ್ಪಿಕೊಂಡಿದ್ದರು. ಆಫೀಸಿನಿಂದ ಬಂದು ಕಾಫಿ ಕುಡಿದು ಊಟದ ಮೇಜಿನಲ್ಲೇ ಬರೆಯಲು ಕೂರುತ್ತಿದ್ದರು. ಬೇರೆ ಅಧ್ಯಾಯಗಳೆಲ್ಲ ಸಲೀಸಾಗಿ ಮುಗಿದವು. ಫಲಕಾಯಗಳ ಅಧ್ಯಾಯದಲ್ಲಿ ಅವರ ಪೆನ್ನು ನಿಂತಿತು.

ಫಲಕಾಯ ಎಂದರೇನು ಎಂದು ನಾನು ಅವರಿಂದಲೇ ತಿಳಿದದ್ದು. ಬೂಷ್ಟಿನ ಮೈ ಎಳೆ ಎಳೆಯಾಗಿ ಸಗಣಿಯೊಳಗೋ ಎಲೆಯೊಳಗೋ ಅಡಗಿರುತ್ತದೆ. ಬೀಜಾಣುಗಳನ್ನು ಹೊರಗೆ ಕಳಿಸುವ ಕಾಲ ಬಂದಾಗ ಮಾತ್ರ ಅದು ಕಣ್ಣಿಗೆ ಕಾಣುವಂಥ ಏನನ್ನೋ ಕಟ್ಟುತ್ತದೆ. ಅದೇ ಫಲಕಾಯ. ನಾವು ತಿನ್ನುವ ಅಣಬೆಯೂ ಒಂದು ಫಲಕಾಯವೇ. ನಮ್ಮ ಜಾಡಿಗಳಲ್ಲಿ ಏಳುತ್ತಿದ್ದವು ಸಾಸಿವೆಗಿಂತ ಚಿಕ್ಕವು. ಅವುಗಳಲ್ಲಿ ಒಂದೊಂದು ಆಕಾರಕ್ಕೂ ಇಂಗ್ಲಿಷಿನಲ್ಲಿ ಒಂದೊಂದು ಹೆಸರಿತ್ತು: ಅಪೊಥೀಸಿಯಮ್, ಪೆರಿಥೀಸಿಯಮ್, ಕ್ಲೈಸ್ಟೊಥೀಸಿಯಮ್. ಇವಕ್ಕೆ ಸಂಸ್ಕೃತದಿಂದ ಉದ್ದುದ್ದ ಪದಗಳನ್ನು ಕಟ್ಟಿ ಕೊಡಲು ಜನರಿದ್ದರು. ನಮ್ಮವರಿಗೆ ಅದು ಬೇಡವಾಗಿತ್ತು. "ಹುಡುಗರು ಒಂದು ಗ್ರೀಕ್ ಬಿಟ್ಟು ಇನ್ನೊಂದು ಗ್ರೀಕ್ ಕಲಿಯುವುದಾ?" ಎನ್ನುತ್ತಿದ್ದರು.

ಹಾಗಾಗಿ ನಮ್ಮಿಬ್ಬರ ನಡುವೆ ಒಂದು ಪದ್ಧತಿ ಶುರುವಾಯಿತು. ಪ್ರಯೋಗಾಲಯದವರು ಬೇಡವೆಂದು ತೆಗೆದಿಟ್ಟ ಒಂದು ಹಳೆಯ ಹಿತ್ತಾಳೆ ಸೂಕ್ಷ್ಮದರ್ಶಕ ನಮ್ಮಲ್ಲಿತ್ತು. ಅವರು ಅದರಡಿ ಏನನ್ನಾದರೂ ಇಟ್ಟು ನನ್ನನ್ನು ಕರೆಯುತ್ತಿದ್ದರು. ನಾನು ಕೈ ಒರೆಸಿಕೊಂಡು ಬಂದು ಕಣ್ಣಿಡುತ್ತಿದ್ದೆ. ಅವರು ಪಕ್ಕದಲ್ಲಿ ನಿಂತು ನನ್ನ ಮುಖವನ್ನೇ ನೋಡುತ್ತ ಸುಮ್ಮನಿರುತ್ತಿದ್ದರು. ಒಂದು ಸುಳಿವನ್ನೂ ಕೊಡುತ್ತಿರಲಿಲ್ಲ. ನಾನು "ಎಂತ ಇದು? ಹೇಳಿ" ಎಂದು ಕೇಳಿದರೂ ಬಾಯಿ ಬಿಡುತ್ತಿರಲಿಲ್ಲ. ನನ್ನ ಬಾಯಿಂದ ಮೊದಲು ಬರುವ ಮಾತು ಅವರಿಗೆ ಬೇಕಿತ್ತು. ಆ ಮಾತು ಒಪ್ಪಿಗೆಯಾದರೆ ಬೆರಳ ಗೆಣ್ಣಿನಿಂದ ಮೇಜನ್ನು ಒಮ್ಮೆ ಕುಟ್ಟುತ್ತಿದ್ದರು. ಒಪ್ಪಿಗೆಯಾಗದಿದ್ದರೆ ಮತ್ತೆ ಅದೇ ಮೌನ.

ಸಗಣಿಯ ಮೇಲೆ ಎದ್ದ, ಮೇಲ್ಮುಖವಾಗಿ ತೆರೆದ ಹಳದಿ ತಟ್ಟೆಯಂಥದ್ದನ್ನು ನೋಡಿ ನಾನು "ಬಟ್ಟಲು" ಎಂದೆ. ಮೇಜು ಕುಟ್ಟಿದರು. ಅಪೊಥೀಸಿಯಮ್ ನಮ್ಮ ಮನೆಯಲ್ಲಿ ಬಟ್ಟಲಾಯಿತು. ಮತ್ತೊಮ್ಮೆ ಕಂಡದ್ದು ಕಪ್ಪಗೆ, ಹೊಟ್ಟೆ ದುಂಡಗೆ, ಮೇಲೆ ಸಪೂರ ಕುತ್ತಿಗೆ, ಕುತ್ತಿಗೆಯ ತುದಿಯಲ್ಲಿ ಒಂದು ಸಣ್ಣ ತೂತು. ಬೇಸಿಗೆಯಲ್ಲಿ ಕಿಟಕಿಯ ಬಳಿ ನೀರಿಡುವ ಮಣ್ಣಿನ ಸುರಾಹಿ ನೆನಪಾಯಿತು. "ಹೂಜಿ," ಎಂದೆ. "ಎಲ್ಲ ಹೂಜಿಗಳೂ ಕತ್ತು ಒಂದೇ ಕಡೆ ತಿರುಗಿಸಿದ್ದಾವಲ್ಲ, ಯಾಕೆ?"

ಅವರು ಮೇಜು ಕುಟ್ಟಿ, "ಬೆಳಕಿನ ಕಡೆಗೆ," ಎಂದರು. "ಬೀಜಾಣು ಹಾರಿ ಬಯಲಿಗೆ ಬೀಳಬೇಕಲ್ಲ, ಅದಕ್ಕೆ."

ಮೂರನೆಯದು ತೊಂದರೆ ಕೊಟ್ಟಿತು. ದೆಹಲಿಯ ಚಳಿಗಾಲದಲ್ಲಿ ರಸ್ತೆ ಬದಿಯ ಶೀಶಮ್ ಮರಗಳ ಎಲೆಯಡಿ ಬಿಳಿ ಹುಡಿ ಹತ್ತುತ್ತದೆ. ಆ ಹುಡಿಯ ಮೇಲೆ ಹಳದಿ ಚುಕ್ಕೆಗಳೆದ್ದು ಬರಬರುತ್ತ ಕಪ್ಪಾಗುತ್ತವೆ. ಆ ಚುಕ್ಕೆಯೇ ಕ್ಲೈಸ್ಟೊಥೀಸಿಯಮ್. ಸುತ್ತಲೂ ಮುಚ್ಚಿದ ಉಂಡೆ. ಬಟ್ಟಲಿನ ಹಾಗೆ ತೆರೆದಿಲ್ಲ, ಹೂಜಿಯ ಹಾಗೆ ತೂತೂ ಇಲ್ಲ.

"ಬಾಯಿಲ್ಲದ ಉಂಡೆ," ಎಂದೆ. ಮೌನ. "ಕುರುಡು ಗಡಿಗೆ." ಮೌನ. "ಮುಚ್ಚಿದ ಮಡಕೆ." ಮೌನ.

ಅಂದು ಊಟಕ್ಕೆ ಬಂದಿದ್ದ ಸಹೋದ್ಯೋಗಿ ನಕ್ಕರು. "ವೈನಿ, ಇವ್ರು ಮೇಷ್ಟ್ರಾಗಬೇಕಾಗಿತ್ತು ನೋಡ್ರಿ. ಫೇಲ್ ಮಾಡೂದ್ರಾಗ ಏನ್ ಸಂತೋಷ ಐತಿ ಮನಷ್ಯಾಗ!"

ಆಗ ನಮ್ಮವರು ಮಾತಾಡಿದರು. "ಬಾಯಿಲ್ಲ, ಕಣ್ಣಿಲ್ಲ ಅಂತ ಇಲ್ಲದ್ದನ್ನೇ ಹೇಳ್ತಾ ಇದ್ದಿ. ಇಲ್ಲದ್ದು ಹೆಸರಾಗುವುದಿಲ್ಲ. ಅದಕ್ಕೆ ಇರುವುದು ಎಂತ, ಅದನ್ನು ಹೇಳು."

ನಾನು ಮತ್ತೊಮ್ಮೆ ಕಣ್ಣಿಟ್ಟು ನೋಡಿ, ಬಡಿಸಲು ಎದ್ದು ಹೋದೆ. ಅವರು ಹಸ್ತಪ್ರತಿಯಲ್ಲಿ ಆ ಪದದ ಜಾಗವನ್ನು ಖಾಲಿ ಬಿಟ್ಟು ಮುಂದೆ ಬರೆದರು. ಆ ಪುಸ್ತಕದಲ್ಲಿ ಅದೊಂದೇ ಖಾಲಿ ಜಾಗ.

ಬೇಸಿಗೆ ಬಂತು. ಮೇ ತಿಂಗಳ ಒಂದು ಬೆಳಿಗ್ಗೆ, ಬಿಸಿಗಾಳಿ ಏಳುವ ಮೊದಲೇ ಅಡುಗೆ ಮುಗಿಸಬೇಕೆಂದು ನಾನು ಒಲೆಯ ಮುಂದಿದ್ದೆ. ಮಗಳು ಶಾಲೆಗೆ ಹೊರಡುತ್ತಿದ್ದಳು. ನಮ್ಮವರು ಎದ್ದು ಬಂದು ಕಿಟಕಿಯ ಬಳಿ ಸುರಾಹಿಯ ಮುಂದೆ ನಿಂತರು. ಎಡಗೈಯಲ್ಲಿ ಲೋಟ ಇತ್ತು. ಸುರಾಹಿಯನ್ನು ನೋಡಿದರು, ಆಮೇಲೆ ನನ್ನನ್ನು ನೋಡಿದರು. ಏನೂ ಹೇಳಲಿಲ್ಲ.

ಆ ನೋಟ ನನಗೆ ಚೆನ್ನಾಗಿ ಗೊತ್ತಿದ್ದ ನೋಟ. ನಾನು ನಕ್ಕೆ. "ಅದಕ್ಕೆ ಹೂಜಿ ಅಂತ ಹೆಸರಿಟ್ಟಾಯ್ತಲ್ಲ ಮಾರಾಯ್ರೆ. ಬೆಳಿಗ್ಗೆ ಬೆಳಿಗ್ಗೆ ಪರೀಕ್ಷೆಯಾ?"

ಅವರು ಹಾಗೆಯೇ ನೋಡುತ್ತಿದ್ದರು. ನಾನು ತಟ್ಟೆಯಿಂದ ಒಂದು ಬಟ್ಟಲನ್ನೆತ್ತಿ ತೋರಿಸಿ, "ಇದು ಬಟ್ಟಲು. ಪಾಸಾ?" ಎಂದು ಕೇಳಿದೆ. ಒಗ್ಗರಣೆ ಹೊತ್ತೀತೆಂದು ಒಲೆಯ ಕಡೆ ತಿರುಗಿದೆ. ಮೇಜಿನ ಮೇಲೆ ಗೆಣ್ಣಿನ ಸದ್ದು ಬರುತ್ತದೆಂದು ಕಾಯುತ್ತಿದ್ದೆ.

ನೋಡಿದವಳು ಮಗಳು. "ಅಮ್ಮಾ, ಅಪ್ಪ ಆಟ ಆಡ್ತಾ ಇಲ್ಲ. ದೇಖೋ ನಾ, ಅವರ ಬಾಯಿ ನೋಡು."

ಬಾಯಿಯ ಬಲ ಮೂಲೆ ಕೆಳಗೆ ಜಾರಿತ್ತು. ಬಲಗೈ ತನ್ನದಲ್ಲವೆಂಬಂತೆ ತೂಗುತ್ತಿತ್ತು. ಲೋಟ ಕೈಬಿಟ್ಟು ಬಿತ್ತು. ಎದುರು ಮನೆಯ ಸರ್ದಾರ್‌ಜಿ ತಮ್ಮ ಕಾರಿನಲ್ಲಿ ನಮ್ಮನ್ನು ಆಸ್ಪತ್ರೆಗೆ ಒಯ್ದರು. ದಾರಿಯುದ್ದಕ್ಕೂ ನಮ್ಮವರ ಕಣ್ಣು ನನ್ನ ಮುಖದ ಮೇಲಿತ್ತು. ಅವರಿಗೆ ಆಗ ಬೇಕಾಗಿದ್ದದ್ದು ಬಹುಶಃ ನೀರು. ಬೇರೆ ಯಾವ ಮನೆಯಲ್ಲಾದರೂ ಲೋಟ ಹಿಡಿದು ಮಾತಿಲ್ಲದೆ ನಿಂತ ಗಂಡಸನ್ನು ಕಂಡ ಕೂಡಲೇ ಹೆದರುತ್ತಿದ್ದರು. ನಮ್ಮ ಮನೆಯಲ್ಲಿ ಹಾಗೆ ನಿಲ್ಲುವುದು ದಿನದ ಸಂಗತಿಯಾಗಿತ್ತು. ಪಾರ್ಶ್ವವಾಯು ನಿದ್ದೆಯಲ್ಲೇ ಹೊಡೆದಿದೆ, ಬೇಗ ಬಂದಿದ್ದರೂ ವ್ಯತ್ಯಾಸವಾಗುತ್ತಿರಲಿಲ್ಲ ಎಂದು ಡಾಕ್ಟರಮ್ಮ ಹೇಳಿದರು. ನಾನು ನಂಬಿದೆ. ಈಗಲೂ ನಂಬುತ್ತೇನೆ. ಆದರೂ ಒಗ್ಗರಣೆಯ ವಾಸನೆ ಬಂದಾಗ ಒಮ್ಮೊಮ್ಮೆ ಕಿಟಕಿಯ ಕಡೆ ತಿರುಗಿ ನೋಡುತ್ತೇನೆ.

ಕಾಲಿಗೆ ಸ್ವಲ್ಪ ಬಲ ಮರಳಿತು. ಮಾತು ಮರಳಲಿಲ್ಲ. ಒಂದೇ ಒಂದು ಮಾತು ಉಳಿದಿತ್ತು, ಅದೂ ಕನ್ನಡದ್ದಲ್ಲ: "ಅಚ್ಛಾ." ಹಸಿವಿಗೂ ಅಚ್ಛಾ, ಸಿಟ್ಟಿಗೂ ಅಚ್ಛಾ. ಮಗಳು ಶಾಲೆಯಿಂದ ಬಂದರೆ ಉದ್ದಕ್ಕೆ ಎಳೆದು "ಅಚ್ಛಾ". ಸಹೋದ್ಯೋಗಿ ಬಂದು ನಗಿಸಲು ನೋಡಿದರು. "ಏನ್ರಿ ಸರ್, ಈ ದಿಲ್ಲಿ ನಿಮ್ಮ ಕನ್ನಡಾ ಎಲ್ಲಾ ಕಸ್ಗೊಂಡು ಬದ್ಲಿಗೆ ಒಂದ ಶಬ್ದಾ ಕೊಟ್ಟು ಕಳಸೇತಲ್ರಿ!" ನಮ್ಮವರು ನಗುತ್ತ "ಅಚ್ಛಾ" ಎಂದರು. ಸಹೋದ್ಯೋಗಿ ಎದ್ದು ಬಾಲ್ಕನಿಗೆ ಹೋಗಿ, ಜಾಡಿಗಳ ಕಡೆ ಮುಖ ಮಾಡಿ ಬಹಳ ಹೊತ್ತು ನಿಂತರು.

ವಸ್ತುಗಳನ್ನು ತೋರಿಸಿ ಹೆಸರು ಹೇಳಿಸಿ, ಅವಸರ ಮಾಡಬೇಡಿ ಎಂದು ಡಾಕ್ಟರಮ್ಮ ಹೇಳಿದ್ದರು. ಅವಸರ ಮಾಡದೆ ಕಾಯುವುದನ್ನು ನಾನು ನಮ್ಮವರಿಂದಲೇ ಕಲಿತಿದ್ದೆ. ಚಮಚ ತೋರಿಸಿ ಸುಮ್ಮನೆ ನಿಲ್ಲುತ್ತಿದ್ದೆ. ಬಾಚಣಿಗೆ, ಕೀಲಿಕೈ, ಮಗಳ ರಿಬ್ಬನ್. ಅವರ ಹಣೆಯಲ್ಲಿ ಬೆವರು ಮೂಡುತ್ತಿತ್ತು. ತುಟಿ ಒಂದು ಆಕಾರಕ್ಕೆ ಬಂದು, ಅಲ್ಲಿಗೇ ನಿಂತು, ಸಡಿಲವಾಗುತ್ತಿತ್ತು. ಪದ ಒಳಗೆ ಇದೆ ಎಂಬುದು ಅವರ ಕಣ್ಣಿನಲ್ಲಿ ಕಾಣುತ್ತಿತ್ತು. ಹೊರಗೆ ಬರಲು ಅದಕ್ಕೆ ದಾರಿ ಇರಲಿಲ್ಲ. ಸುರಾಹಿಯನ್ನು ಮಾತ್ರ ನಾನು ತೋರಿಸಲಿಲ್ಲ.

ಮತ್ತೆ ಚಳಿಗಾಲ ಬಂತು. ಅವರ ಮಾತು ಬರುತ್ತದೆ ಎಂಬ ಆಸೆಯನ್ನು ನಾನು ಇನ್ನೂ ಬಿಟ್ಟಿರಲಿಲ್ಲ. ಚಮಚ, ಬಾಚಣಿಗೆಗೆ ಬಾರದ್ದು ಅವರ ಸ್ವಂತ ಕೆಲಸಕ್ಕೆ ಬಂದೀತೆಂದು ಯೋಚಿಸಿ, ಒಂದು ಭಾನುವಾರ ಬೆಳಿಗ್ಗೆ ರಸ್ತೆಯಿಂದ ಹುಡಿ ಹತ್ತಿದ ಶೀಶಮ್ ಎಲೆಗಳನ್ನು ಆಯ್ದು ತಂದೆ. ಬಾಲ್ಕನಿಯ ಬಿಸಿಲಿನಲ್ಲಿ ಸಣ್ಣ ಮೇಜು ಹಾಕಿ ಸೂಕ್ಷ್ಮದರ್ಶಕ ಇಟ್ಟೆ. ಅವರು ಎಲೆಯನ್ನು ಮಗುಚಿ ನೋಡಿದರು. ಎಡಗೈಯಲ್ಲಿ ಸೂಜಿ ಹಿಡಿದು, ಕಪ್ಪು ಚುಕ್ಕೆಯೊಂದನ್ನು ಕೆದಕಿ ಗಾಜಿನ ಪಟ್ಟಿಯ ಮೇಲಿನ ನೀರ ಹನಿಗೆ ಇಳಿಸಿದರು. ಸುಮಾರು ಹೊತ್ತು ಹಿಡಿಯಿತು. ನಾನು ತೆಳುಗಾಜು ಮುಚ್ಚಿದೆ.

ಅವರು ನೋಡಲಿ, ಹೇಳಲಿ ಎಂದು ನಾನು ಪಕ್ಕಕ್ಕೆ ಸರಿದು ಕಾದೆ. ಅವರು ಒಮ್ಮೆ ಕಣ್ಣಿಟ್ಟು ನೋಡಿದರು. ಆಮೇಲೆ ತಲೆಯೆತ್ತಿ, ನನ್ನ ತೋಳು ಹಿಡಿದು, ನನ್ನನ್ನು ಅದರ ಮುಂದೆ ಎಳೆದರು. ತಾವು ಪಕ್ಕದಲ್ಲಿ ಗೋಡೆಗೆ ಒರಗಿ, ನನ್ನ ಮುಖ ನೋಡುತ್ತ ಸುಮ್ಮನೆ ನಿಂತರು.

ನಾನು ನೋಡಿದೆ. ಅದೇ ಕಪ್ಪು ಉಂಡೆ. ಸುತ್ತ ಗಾಜಿನಂಥ ಮುಳ್ಳುಗಳು, ಒಂದೊಂದರ ಬುಡವೂ ಗುಂಡಗೆ ಉಬ್ಬಿದೆ. ಎಲ್ಲೂ ಬಾಯಿಲ್ಲ. ನನಗೆ ಕಣ್ಣು ಮಂಜಾಯಿತು, ಒರೆಸಿಕೊಂಡು ಮತ್ತೆ ನೋಡಿದೆ. ಆಗ ಅವರ ಕೈ ಬಂತು. ಸೂಜಿಯ ಹಿಂಬದಿಯಿಂದ ತೆಳುಗಾಜನ್ನು ಮೆಲ್ಲಗೆ ಒತ್ತಿದರು. ನಾನು ನೋಡುತ್ತಿದ್ದಂತೆಯೇ ಉಂಡೆಯ ಸಿಪ್ಪೆ ಬಿರಿಯಿತು. ಬಿರುಕಿನಿಂದ ತೆಳ್ಳನೆಯ ಚೀಲಗಳು ಒಂದರ ಹಿಂದೊಂದು ಜಾರಿ ನೀರಿಗೆ ಬಂದವು. ಒಳಗೆ ಬೀಜಾಣುಗಳು ಕಾಣುತ್ತಿದ್ದವು.

ಗಣಪತಿಯ ಮುಂದೆ ಕಲ್ಲಿಗೆ ಅಪ್ಪಳಿಸುವ ತೆಂಗಿನಕಾಯಿ ನನ್ನ ನೆನಪಿಗೆ ಬಂತು. ಅದಕ್ಕೂ ಬಾಯಿಲ್ಲ. ಒಡೆಯುವುದಕ್ಕೆಂದೇ ಆದದ್ದು ಅದು.

"ಒಡೆಗಾಯಿ," ಎಂದೆ.

ಅವರು ಎಡಗೈಯ ಗೆಣ್ಣಿನಿಂದ ಮೇಜು ಕುಟ್ಟಿದರು. ಅಂದು "ಅಚ್ಛಾ" ಎನ್ನಲಿಲ್ಲ. ಸನ್ನೆ ಮಾಡಿ ಹಸ್ತಪ್ರತಿ ತರಿಸಿ, ಆ ಖಾಲಿ ಜಾಗದಲ್ಲಿ ಬರೆಯಲು ಪೆನ್ಸಿಲ್ ಹಿಡಿದರು. ಅಕ್ಷರ ಮೂಡಲಿಲ್ಲ. ಸಣ್ಣ ಉಂಡೆಯೊಂದನ್ನು ಬರೆದು, ಅದರ ಮೇಲೆ ಒಂದು ಬಿರುಕು ಎಳೆದು, ಪೆನ್ಸಿಲ್ ಕೆಳಗಿಟ್ಟರು.

ಇದಾದ ಮೇಲೆ ಮಾತು ಬಂದೇ ಬರುತ್ತದೆ ಎಂದುಕೊಂಡೆ. ಅಂದು ಊಟಕ್ಕೆ ಕೂತಾಗ ಅವರ ಬಾಯನ್ನೇ ನೋಡುತ್ತಿದ್ದೆ. ಮರುದಿನವೂ ನೋಡಿದೆ. ಬರಲಿಲ್ಲ. ಹೋಳಿ ಹಬ್ಬಕ್ಕೆ ಮೊದಲು, ಶೀಶಮ್ ಮರಗಳು ಹೊಸ ಎಲೆ ಬಿಡುವ ಹೊತ್ತಿಗೆ, ಎರಡನೆಯ ಸಲ ಪಾರ್ಶ್ವವಾಯು ಹೊಡೆದು ಅವರು ತೀರಿಹೋದರು.

ಕ್ವಾರ್ಟರ್ಸ್ ಬಿಡಬೇಕಾಗಿ ಬಂದಾಗ ಸಹೋದ್ಯೋಗಿ ಬಂದರು. ಪುಸ್ತಕವನ್ನು ತಾವು ಮುಗಿಸಿ ಕಳಿಸುತ್ತೇನೆ ಎಂದರು. ಅದೇ ಮೇಜಿನ ಮುಂದೆ ಕುಳಿತು ಹಾಳೆಗಳನ್ನು ಒಂದೊಂದಾಗಿ ತಿರುವಿದರು. ಒಂದು ಕಡೆ ನಿಂತು, "ವೈನಿ, ಇಲ್ಲಿ ಅಕ್ಷರ ಇಲ್ರಿ. ಏನೋ ಚಿತ್ರಾ ಐತಿ. ಇದಕ್ಕ ಏನಂತ ಬರೀಲಿ?" ಎಂದು ಕೇಳಿದರು.

"ಒಡೆಗಾಯಿ," ಎಂದೆ.

ಅವರು ಪೆನ್ನು ಹಿಡಿದು ನನ್ನತ್ತ ನೋಡಿದರು. ನಾನು ಇನ್ನೂ ಏನೋ ಹೇಳುವವಳಿದ್ದೇನೆ ಎಂದು ಅವರಿಗೆ ಅನ್ನಿಸಿರಬೇಕು. ನನ್ನ ಕಿವಿ ಮೇಜಿನ ಕಡೆಗಿತ್ತು. ಕೆಳಗೆ ರಸ್ತೆಯಲ್ಲಿ ತರಕಾರಿ ಭಯ್ಯಾ ಕೂಗುತ್ತ ಹೋದ.

"ಬರೀಲೇನ್ರಿ ವೈನಿ?"

"ಬರೀರಿ," ಎಂದೆ.